ನಾಟಕವನ್ನು ಸಿನಿಮಾ ಮಾಡುವಾಗ ಮನೆಯಿಂದ ಹೊರಗೆ ಬರಲೇಬೇಕಾ?

ಪ್ರಶ್ನೆ: ನಮ್ಮದು ಹವ್ಯಾಸಿ ನಾಟಕ ತಂಡ. ಒಂದೇ ಮನೆಯಲ್ಲಿ, ಒಂದೇ ರಾತ್ರಿ ನಡೆಯುವ, ನಾಲ್ಕೇ ಪಾತ್ರಗಳ ಕನ್ನಡ ನಾಟಕವೊಂದನ್ನು ಹಲವು ಊರುಗಳಲ್ಲಿ ಆಡಿದ್ದೇವೆ. ಈಗ ಅದನ್ನೇ ಸಿನಿಮಾ ಮಾಡುವ ಆಸೆ. ಆದರೆ ಯಾರನ್ನು ಕೇಳಿದರೂ ‘ಔಟ್‌ಡೋರ್ ಸೀನ್ ಹಾಕಿ, ಫ್ಲ್ಯಾಶ್‌ಬ್ಯಾಕ್ ಹಾಕಿ, ಇಲ್ಲದಿದ್ದರೆ ನಾಟಕ ನೋಡಿದ ಹಾಗೇ ಆಗುತ್ತೆ’ ಅನ್ನುತ್ತಾರೆ. ನಾಟಕಗಳನ್ನು ಪದೇ ಪದೇ ಸಿನಿಮಾ ಮಾಡಿದ ದೊಡ್ಡ ನಿರ್ದೇಶಕರು ಯಾರು? ಅವರು ಇದನ್ನು ಹೇಗೆ ನಿಭಾಯಿಸಿದರು?

ಉತ್ತರ: ಹೊರಗೆ ಬರಲೇಬೇಕು ಅಂತೇನಿಲ್ಲ. ನಾಟಕಕಾರರು ಆ ನಾಲ್ಕು ಜನರನ್ನು ಬೇಕಂತಲೇ ಒಂದು ಮನೆಯಲ್ಲಿ ಕೂಡಿಹಾಕಿದ್ದಾರೆ. ಎದ್ದು ಹೋಗೋಣ ಅಂದರೆ ಹೋಗಲು ಜಾಗವಿಲ್ಲ. ಅದಕ್ಕೇ ಮಾತಿಗೆ ಮಾತು ಬೆಳೆಯುತ್ತದೆ, ಹಳೆಯದೆಲ್ಲ ಕೆದಕುತ್ತದೆ. ಮಧ್ಯದಲ್ಲಿ ಅವರನ್ನು ಕೆರೆ ಏರಿ ಮೇಲೋ ಬಸ್‌ಸ್ಟ್ಯಾಂಡಿಗೋ ಕರೆದುಕೊಂಡು ಹೋದರೆ ಆ ಒತ್ತಡವೆಲ್ಲ ಸೋರಿಹೋಗುತ್ತದೆ. ನೋಡುವವರಿಗೆ ಉಸಿರಾಡಲು ಗಾಳಿ ಸಿಗುತ್ತದೆ ನಿಜ, ಆದರೆ ಉಸಿರು ಕಟ್ಟುವುದೇ ನಿಮ್ಮ ಕಥೆ ಅಲ್ವಾ?

ನೀವು ಕೇಳಿದ ಮಾದರಿಗೆ ನಾನು ಒಬ್ಬರನ್ನೇ ಹೇಳುತ್ತೇನೆ: ಅಮೆರಿಕದ ಸಿಡ್ನಿ ಲುಮೆಟ್. 1957ರಿಂದ 2007ರವರೆಗೆ, ಐವತ್ತು ವರ್ಷಗಳಲ್ಲಿ, ನಲವತ್ತಕ್ಕೂ ಹೆಚ್ಚು ಸಿನಿಮಾ ಮಾಡಿದವರು. ಪೊಲೀಸ್ ಇಲಾಖೆ, ಕೋರ್ಟು, ಟಿವಿ ಚಾನೆಲ್‌ಗಳ ಕಥೆಗಳಿಂದ ಅವರು ಹೆಚ್ಚು ಹೆಸರಾದರು. ಆದರೆ ಆ ಪಟ್ಟಿಯ ಉದ್ದಕ್ಕೂ ನಾಟಕಗಳಿವೆ. ಟೆನೆಸ್ಸಿ ವಿಲಿಯಮ್ಸ್, ಆರ್ಥರ್ ಮಿಲ್ಲರ್, ಯೂಜಿನ್ ಓನೀಲ್, ಚೆಕಾಫ್, ಪೀಟರ್ ಶಾಫರ್, ಐರಾ ಲೆವಿನ್, ಹೀಗೆ. ಅವುಗಳಲ್ಲಿ ಕೆಲವು ಅದ್ಭುತವಾಗಿವೆ, ಕೆಲವು ಸೋತಿವೆ. ಗೆದ್ದದ್ದು ಯಾಕೆ, ಸೋತದ್ದು ಯಾಕೆ ಅಂತ ಪಕ್ಕಪಕ್ಕ ಇಟ್ಟು ನೋಡಿದರೆ ನಿಮ್ಮ ಪ್ರಶ್ನೆಗೆ ಉತ್ತರ ಅಲ್ಲೇ ಇದೆ.

ಲುಮೆಟ್ ಹುಟ್ಟಿದ್ದು 1924ರಲ್ಲಿ. ಅಪ್ಪ ಅಮ್ಮ ಇಬ್ಬರೂ ಯಿಡ್ಡಿಷ್ (ಪೂರ್ವ ಯುರೋಪಿನ ಯಹೂದಿಗಳ ಭಾಷೆ) ರಂಗಭೂಮಿಯವರು. ಮಗು ಇದ್ದಾಗಲೇ ರಂಗ ಹತ್ತಿದರು, 1935ರ ಹೊತ್ತಿಗೆ ನ್ಯೂಯಾರ್ಕಿನ ದೊಡ್ಡ ರಂಗಮಂದಿರಗಳ ಬೀದಿ ಬ್ರಾಡ್‌ವೇಯಲ್ಲಿ ಬಾಲನಟ. ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ಸೇನೆಯ ರೇಡಾರ್ ರಿಪೇರಿಯವರಾಗಿ ನಮ್ಮ ದೇಶದಲ್ಲೂ ಬರ್ಮಾದಲ್ಲೂ ಇದ್ದರು. ವಾಪಸ್ ಹೋಗಿ ನಾಟಕ ಆಡಿಸಿದರು, ಆಮೇಲೆ ಸಿಬಿಎಸ್ ಟಿವಿ ಸೇರಿದರು. ಆಗಿನ ಟಿವಿ ನಾಟಕಗಳು ಲೈವ್. ನಟರು ಆಡುತ್ತಿರುವಾಗಲೇ ಮೂರ್ನಾಲ್ಕು ಕ್ಯಾಮೆರಾಗಳ ನಡುವೆ ಶಾಟ್ ಬದಲಿಸಬೇಕು. ತಪ್ಪಿದರೆ ಇಡೀ ದೇಶ ನೋಡುತ್ತದೆ. ನಟರ ಮನಸ್ಸೂ ಗೊತ್ತು, ಕ್ಯಾಮೆರಾದ ಲೆಕ್ಕವೂ ಗೊತ್ತು ಅನ್ನುವ ನಿರ್ದೇಶಕ ತಯಾರಾದದ್ದು ಅಲ್ಲಿ.

ಮೊದಲ ಸಿನಿಮಾ ‘ಟ್ವೆಲ್ವ್ ಆ್ಯಂಗ್ರಿ ಮೆನ್’. ಇದು ಮೂಲದಲ್ಲಿ ರಂಗಕ್ಕೆ ಬರೆದ ನಾಟಕವಲ್ಲ. ರೆಜಿನಾಲ್ಡ್ ರೋಸ್ ಟಿವಿಗೆ ಬರೆದದ್ದು, 1954ರಲ್ಲಿ ಬೇರೊಬ್ಬ ನಿರ್ದೇಶಕರ ಕೈಯಲ್ಲಿ ಲೈವ್ ಪ್ರಸಾರವಾಗಿತ್ತು. ರಂಗಕ್ಕೆ ಬಂದದ್ದು ಆಮೇಲೆ. ಆದರೂ ನಿಮಗೆ ಇದಕ್ಕಿಂತ ಒಳ್ಳೆ ಪಾಠ ಬೇರೆ ಸಿಗುವುದಿಲ್ಲ. ತಂದೆಯನ್ನು ಕೊಂದ ಆರೋಪ ಹೊತ್ತ ಹುಡುಗ. ಹನ್ನೆರಡು ಜನ ಜ್ಯೂರಿಗಳು, ಅಂದರೆ ತೀರ್ಪು ಹೇಳಲು ಕೋರ್ಟು ಕರೆಸಿದ ಸಾಮಾನ್ಯ ಜನ. ಸೆಕೆಯ ದಿನ, ಒಂದು ಕೋಣೆ, ಒಂದು ಉದ್ದನೆ ಮೇಜು. ಹನ್ನೊಂದು ಜನ ‘ತಪ್ಪಿತಸ್ಥ’ ಅನ್ನುತ್ತಾರೆ, ಒಬ್ಬ ‘ಮಾತಾಡೋಣ’ ಅನ್ನುತ್ತಾನೆ. 96 ನಿಮಿಷದಲ್ಲಿ ಕೆಲವೇ ನಿಮಿಷ ಬಿಟ್ಟರೆ ಉಳಿದದ್ದೆಲ್ಲ ಆ ಕೋಣೆ ಮತ್ತು ಅದಕ್ಕೆ ಅಂಟಿದ ಶೌಚಾಲಯದ ಒಳಗೇ. ಹಿಂದಿಯಲ್ಲಿ ಬಾಸು ಚಟರ್ಜಿ 1986ರಲ್ಲಿ ಇದನ್ನೇ ‘ಏಕ್ ರುಕಾ ಹುವಾ ಫೈಸ್ಲಾ’ ಅಂತ ಮಾಡಿದರು. ನೀವು ಅದನ್ನಾದರೂ ನೋಡಿರುತ್ತೀರಿ.

ಕೋಣೆ ಚಿಕ್ಕದು, ಇದನ್ನು ಮರೆಸುವುದು ಹೇಗೆ ಅಂತ ಬೇರೆ ನಿರ್ದೇಶಕರು ತಲೆ ಕೆಡಿಸಿಕೊಳ್ಳುತ್ತಿದ್ದರು. ಲುಮೆಟ್ ಉಲ್ಟಾ ಹೋದರು. ಕೋಣೆ ಇನ್ನೂ ಚಿಕ್ಕದಾಗುತ್ತಾ ಹೋಗಲಿ ಅಂದರು. ಅದನ್ನು ಹೇಗೆ ಮಾಡಿದರು ಅಂತ 1995ರಲ್ಲಿ ಬಂದ ತಮ್ಮ ‘ಮೇಕಿಂಗ್ ಮೂವೀಸ್’ ಪುಸ್ತಕದಲ್ಲಿ ಬಿಡಿಸಿ ಹೇಳಿದ್ದಾರೆ. ಶುರುವಿನಲ್ಲಿ 28ರಿಂದ 40 ಎಂಎಂ ಲೆನ್ಸ್, ಅಂದರೆ ಹೆಚ್ಚುಕಡಿಮೆ ನಮ್ಮ ಕಣ್ಣು ಕೋಣೆಯನ್ನು ನೋಡುವ ಹಾಗೆ. ಕಥೆ ಮುಂದುವರಿದಂತೆ 50, ಆಮೇಲೆ 75, ಆಮೇಲೆ 100. ಲೆನ್ಸ್ ಉದ್ದವಾದಷ್ಟೂ ಹಿಂದಿನ ಗೋಡೆ ಮುಂದಕ್ಕೆ ಬಂದಂತೆ ಕಾಣುತ್ತದೆ. ಗೋಡೆಗಳು ಇದ್ದಲ್ಲೇ ಇವೆ, ಆದರೆ ನಟರ ಬೆನ್ನಿಗೆ ಬಂದು ಒತ್ತುತ್ತವೆ.

ಜೊತೆಗೆ ಕ್ಯಾಮೆರಾದ ಎತ್ತರ. ಮೊದಲ ಮೂರನೇ ಒಂದು ಭಾಗ ಕಣ್ಣಿನ ಮಟ್ಟಕ್ಕಿಂತ ಮೇಲಿನಿಂದ. ನಡುವಿನ ಭಾಗ ಸರಿಯಾಗಿ ಕಣ್ಣಿನ ಮಟ್ಟದಲ್ಲಿ. ಕೊನೆಯ ಭಾಗ ಕೆಳಗಿನಿಂದ. ಕೆಳಗಿನಿಂದ ನೋಡಿದಾಗ ಏನಾಗುತ್ತದೆ ಹೇಳಿ? ಚಾವಣಿ ಕಾಣಲು ಶುರುವಾಗುತ್ತದೆ. ಸುತ್ತ ಗೋಡೆ ಒತ್ತುತ್ತಿರುವುದು ಸಾಲದು ಅಂತ ಮೇಲಿನಿಂದ ಚಾವಣಿಯೂ ಇಳಿದು ಬರುತ್ತದೆ. ಪ್ರೇಕ್ಷಕರು ಯಾರೂ ಇದನ್ನು ಗಮನಿಸುವುದಿಲ್ಲ. ಗಮನಿಸಬಾರದು ಕೂಡ. ಆದರೆ ಅರ್ಧ ಸಿನಿಮಾ ಆಗುವ ಹೊತ್ತಿಗೆ ಶರ್ಟಿನ ಕಾಲರ್ ಸಡಿಲ ಮಾಡಿಕೊಳ್ಳಬೇಕು ಅನ್ನಿಸುತ್ತದೆ. ಕೊನೆಯಲ್ಲಿ ಎಲ್ಲರೂ ಕೋರ್ಟಿನ ಹೊರಗೆ ಮೆಟ್ಟಿಲಿಳಿಯುವ ಶಾಟ್ ಇದೆ. ಅದಕ್ಕೆ ಇಡೀ ಸಿನಿಮಾದಲ್ಲಿ ಎಲ್ಲೂ ಬಳಸದಷ್ಟು ವೈಡ್ ಲೆನ್ಸ್ (ಹೆಚ್ಚು ಅಗಲ ಕಾಣಿಸುವ ಗಿಡ್ಡ ಲೆನ್ಸ್) ಹಾಕಿ, ಕ್ಯಾಮೆರಾವನ್ನು ಎಲ್ಲಕ್ಕಿಂತ ಎತ್ತರಕ್ಕೆ ಏರಿಸಿದರು. ನಮಗೆಲ್ಲ ಒಮ್ಮೆ ಗಾಳಿ ಸಿಗಲಿ ಅಂತ. ಆ ಸಿನಿಮಾದಲ್ಲಿ ‘ಔಟ್‌ಡೋರ್’ ಅಂದರೆ ಹೆಚ್ಚುಕಡಿಮೆ ಅಷ್ಟೇ. ಅಷ್ಟು ಹೊತ್ತು ಕಾಯಿಸಿ ಕೊಟ್ಟದ್ದಕ್ಕೇ ಅದಕ್ಕೆ ಬೆಲೆ ಬಂತು.

ಎಡಿಟಿಂಗ್ ಕೂಡ ಹಾಗೇ. ಒಟ್ಟು 387 ಶಾಟ್‌ಗಳ ಪೈಕಿ ಅರ್ಧಕ್ಕೂ ಹೆಚ್ಚು ಕೊನೆಯ ಅರ್ಧ ಗಂಟೆಗೇ ಅಂತ ಮೊದಲೇ ಲೆಕ್ಕ ಹಾಕಿಟ್ಟಿದ್ದರು. ಶುರುವಿನಲ್ಲಿ ನಿಧಾನ, ಆಮೇಲೆ ಬಿಗಿ, ಕೊನೆಗೆ ಉಸಿರು ತೆಗೆದುಕೊಳ್ಳಲು ಬಿಡದಷ್ಟು ಬಿಗಿ.

ಇನ್ನೊಂದು ಸಣ್ಣ ಸಂಗತಿ ನೋಡಿ. ಸೆಕೆ ತಡೆಯಲಾಗದೆ ಒಬ್ಬ ಜ್ಯೂರಿ ಫ್ಯಾನ್ ಹಾಕಲು ಹೋಗುತ್ತಾನೆ. ಅದು ತಿರುಗುವುದಿಲ್ಲ. ಕೆಟ್ಟಿದೆ ಅಂತ ಎಲ್ಲರೂ ಸುಮ್ಮನಾಗುತ್ತಾರೆ. ಹೊರಗೆ ಮೋಡ ಕವಿದು ಕೋಣೆ ಕತ್ತಲಾದಾಗ ಒಬ್ಬರು ಲೈಟ್ ಹಾಕುತ್ತಾರೆ. ಆಗ ಫ್ಯಾನ್ ತಾನೇ ತಿರುಗುತ್ತದೆ. ಎರಡಕ್ಕೂ ಒಂದೇ ಸ್ವಿಚ್ಚು! ಹೊರಗೆ ಜೋರು ಮಳೆ, ಒಳಗೆ ಹವಾ ಬದಲಾಗಿದೆ, ಅಷ್ಟರಲ್ಲಿ ವೋಟಿನ ಲೆಕ್ಕವೂ ಬದಲಾಗಿದೆ. ಒಂದು ಹೆಜ್ಜೆ ಹೊರಗಿಡದೆ ಹೊರಗಿನ ಲೋಕವನ್ನು ಒಳಗೆ ತರುವುದು ಅಂದರೆ ಇದು. ನಿಮ್ಮ ನಾಟಕದ ರಾತ್ರಿಯಲ್ಲೂ ಇಂಥದ್ದು ಇದ್ದೇ ಇರುತ್ತದೆ. ಕರೆಂಟ್ ಹೋಗುವುದು, ಪಕ್ಕದ ಮನೆಯ ಟಿವಿ, ನಲ್ಲಿಯಲ್ಲಿ ನೀರು ಬರುವ ಹೊತ್ತು. ಇದಕ್ಕೆಲ್ಲ ಔಟ್‌ಡೋರ್ ಯೂನಿಟ್ ಬೇಡ.

ಇಷ್ಟೆಲ್ಲ ಮಾಡಿದ್ದು ಸುಮಾರು ಮೂರು ವಾರದ ಶೂಟಿಂಗಿನಲ್ಲಿ, ಸುಮಾರು ಮೂರೂವರೆ ಲಕ್ಷ ಡಾಲರಿನಲ್ಲಿ. ಹಾಲಿವುಡ್ಡಿಗೆ ಅದು ಬಹಳ ಕಡಿಮೆ ದುಡ್ಡು. ಹಣ ಉಳಿಸಲು ಲುಮೆಟ್ ಒಂದು ಕಡೆಗೆ ಲೈಟಿಂಗ್ ಮಾಡಿದರೆ, ಆ ದಿಕ್ಕಿಗೆ ತಿರುಗಿದ ಎಲ್ಲ ಶಾಟ್‌ಗಳನ್ನೂ, ಅವು ಕಥೆಯ ಯಾವ ಭಾಗದ್ದೇ ಇರಲಿ, ಒಟ್ಟಿಗೇ ತೆಗೆದುಬಿಡುತ್ತಿದ್ದರು. ಹೀಗಾಗಿ ‘ಮಾತಾಡೋಣ’ ಅನ್ನುವ ಜ್ಯೂರಿ ಹೆನ್ರಿ ಫಾಂಡಾ ಮತ್ತು ಅವನಿಗೆ ಎದುರಾಡುವ ಜ್ಯೂರಿ ಲೀ ಜೆ. ಕಾಬ್ ಎದುರುಬದುರು ಜಗಳಾಡುವ ದೃಶ್ಯದಲ್ಲಿ ಒಬ್ಬರ ಮುಖ ಒಂದು ದಿನ, ಇನ್ನೊಬ್ಬರದು ಏಳೆಂಟು ದಿನ ಬಿಟ್ಟು. ವಾರದ ಹಿಂದೆ ಕಾಬ್ ಎಷ್ಟು ಕೋಪದಲ್ಲಿ ಕಿರುಚಿದ್ದರೋ ಅದಕ್ಕೆ ಸರಿಹೊಂದುವ ಹಾಗೆ ಇವತ್ತು ಫಾಂಡಾ ಕೇಳಿಸಿಕೊಳ್ಳಬೇಕು. ಇದು ಹೇಗೆ ಸಾಧ್ಯವಾಯಿತು? ಶೂಟಿಂಗಿಗೆ ಮುಂಚೆ ಎರಡು ವಾರ ತಾಲೀಮು ನಡೆಸಿದ್ದರು. ನಾಟಕದ ಥರಾನೇ, ಪೂರ್ತಿ ತಾಲೀಮು.

ಇದು ಲುಮೆಟ್ ಕೊನೆಯವರೆಗೂ ಬಿಡದ ಅಭ್ಯಾಸ. ಸಿನಿಮಾ ಯಾವುದೇ ಆಗಲಿ, ಎರಡು ವಾರ, ಬೇಕಾದರೆ ಇನ್ನೂ ಜಾಸ್ತಿ. ನೆಲದ ಮೇಲೆ ಬಣ್ಣದ ಟೇಪ್ ಅಂಟಿಸಿ ಸೆಟ್ಟಿನ ಗೋಡೆ, ಬಾಗಿಲು ಗುರುತು ಮಾಡುವುದು. ಮೊದಲು ಮೇಜಿನ ಸುತ್ತ ಕೂತು ಓದು, ಆಮೇಲೆ ಎದ್ದು ನಡೆ. ಕೊನೆಯ ದಿನಗಳಲ್ಲಿ ಕ್ಯಾಮೆರಾಮನ್ ಕೂಡ ಬಂದು ಕೂತು ನೋಡುವುದು. ಇದನ್ನು ಓದುವಾಗ ನಿಮಗೆ ನಿಮ್ಮ ತಂಡದ್ದೇ ನೆನಪಾಗಿರಬೇಕು. ಸಿನಿಮಾದವರು ಹಣ ಕೊಟ್ಟರೂ ಸಿಗದ ವಸ್ತು ನಿಮ್ಮ ಹತ್ತಿರ ಈಗಾಗಲೇ ಇದೆ: ಪಾತ್ರವನ್ನು ತಿಂಗಳುಗಟ್ಟಲೆ ಮೈಮೇಲೆ ಹಾಕಿಕೊಂಡು ಓಡಾಡಿದ ನಟರು. ಅದನ್ನು ನಾಚಿಕೆಯ ವಿಷಯ ಅಂತ ಯಾರಾದರೂ ಹೇಳಿದರೆ ನಂಬಬೇಡಿ.

ಈಗ ನಿಜವಾದ ರಂಗನಾಟಕಕ್ಕೆ ಬರೋಣ. ಯೂಜಿನ್ ಓನೀಲ್ ಅವರ ‘ಲಾಂಗ್ ಡೇಸ್ ಜರ್ನಿ ಇಂಟು ನೈಟ್’. ಓನೀಲ್ ತಮ್ಮದೇ ಮನೆಯ ಕಥೆಯನ್ನು ಬರೆದು ಮುಚ್ಚಿಟ್ಟಿದ್ದರು. ಅದು ರಂಗಕ್ಕೆ ಬಂದದ್ದು 1956ರಲ್ಲಿ, ಅವರು ತೀರಿಕೊಂಡು ಮೂರು ವರ್ಷದ ಮೇಲೆ. 1912ರ ಆಗಸ್ಟಿನ ಒಂದು ದಿನ. ಜಿಪುಣ ನಟ ಅಪ್ಪ, ಮಾರ್ಫಿನ್ ಚಟಕ್ಕೆ ಬಿದ್ದ ಅಮ್ಮ, ಕುಡುಕ ದೊಡ್ಡ ಮಗ, ಕ್ಷಯ ಹಿಡಿದ ಚಿಕ್ಕ ಮಗ. ಬೆಳಿಗ್ಗೆ ತಿಂಡಿಯಿಂದ ಶುರುವಾಗಿ ನಡುರಾತ್ರಿವರೆಗೆ ಒಬ್ಬರನ್ನೊಬ್ಬರು ಪ್ರೀತಿಸುತ್ತಾ, ಕತ್ತರಿಸುತ್ತಾ ಹೋಗುತ್ತಾರೆ. ನಿಮ್ಮ ನಾಟಕಕ್ಕೆ ಇದು ತುಂಬಾ ಹತ್ತಿರ. ಒಂದು ಮನೆ, ಹೆಚ್ಚುಕಡಿಮೆ ನಾಲ್ಕೇ ಜನ.

1962ರಲ್ಲಿ ಲುಮೆಟ್ ಇದನ್ನು ಸಿನಿಮಾ ಮಾಡಿದಾಗ ಬೇರೆ ಚಿತ್ರಕಥೆಯನ್ನೇ ಬರೆಸಲಿಲ್ಲ. ನಾಟಕದ ಪಠ್ಯವೇ ಚಿತ್ರಕಥೆ. ಮೊದಲ ಅಂಕದ ಒಂದಿಷ್ಟು ಭಾಗ ಮನೆಯ ಅಂಗಳದಲ್ಲಿ ಬೆಳಕಿನಲ್ಲಿ ನಡೆಯುತ್ತದೆ. ಆಮೇಲೆ ಎಲ್ಲರೂ ಒಳಗೆ. ಸುಮಾರು ಮೂರು ಗಂಟೆಯ ಸಿನಿಮಾ. ಕ್ಯಾಥರೀನ್ ಹೆಪ್‌ಬರ್ನ್, ರಾಲ್ಫ್ ರಿಚರ್ಡ್‌ಸನ್, ಜೇಸನ್ ರೊಬಾರ್ಡ್ಸ್, ಡೀನ್ ಸ್ಟಾಕ್‌ವೆಲ್. ಆ ವರ್ಷದ ಕಾನ್ ಚಿತ್ರೋತ್ಸವದಲ್ಲಿ ಈ ನಾಲ್ವರಿಗೂ ನಟನೆಯ ಪ್ರಶಸ್ತಿ ಬಂತು. ಆದರೂ ಕೆಲವು ವಿಮರ್ಶಕರು ‘ಇದು ನಾಟಕವನ್ನೇ ಫೋಟೋ ಹಿಡಿದ ಹಾಗಿದೆ’ ಅಂದರು. ನಿಮ್ಮ ಸ್ನೇಹಿತರು ಹೇಳುವ ಮಾತೇ. ಲುಮೆಟ್‌ಗೆ ಅದು ಬಹಳ ನೋವು ಕೊಟ್ಟಿತ್ತು.

ಅವರ ನೋವು ಯಾಕೆ ನ್ಯಾಯ ಅಂತ ಹೇಳುತ್ತೇನೆ. ಈ ಸಿನಿಮಾದಲ್ಲಿ ಅವರು ಪ್ರತಿ ಪಾತ್ರವನ್ನೂ ಬೇರೆ ರೀತಿಯಲ್ಲಿ ನೋಡಿದ್ದಾರೆ. ಮಾರ್ಫಿನ್ ಏರಿದಂತೆ ಅಮ್ಮ ಮೇರಿಯ ಮೇಲಿನ ಲೆನ್ಸ್ ಉದ್ದವಾಗುತ್ತಾ ಹೋಗುತ್ತದೆ. ಅವಳ ಹಿಂದಿನ ಮನೆ ಮಸುಕಾಗುತ್ತದೆ, ಅವಳು ಒಬ್ಬಳೇ ಉಳಿಯುತ್ತಾಳೆ. ಮನೆಯವರು ಪಕ್ಕದಲ್ಲೇ ಇದ್ದರೂ ಅವಳ ಲೋಕದಲ್ಲಿ ಇಲ್ಲ. ಅವಳ ಶಾಟ್‌ಗಳು ಉದ್ದುದ್ದ, ಕಟ್ ಕಡಿಮೆ. ಸಂಗೀತದಲ್ಲಿ ಸ್ವರದಿಂದ ಸ್ವರಕ್ಕೆ ಜಾರಿದ ಹಾಗೆ ಅವಳ ಜೊತೆ ನಾವೂ ತೇಲುತ್ತೇವೆ. ಕುಡುಕ ಮಗ ಜೇಮಿಯ ಶಾಟ್‌ಗಳು ತುಂಡು ತುಂಡು, ಒರಟು. ಯಾರನ್ನು ಎಷ್ಟು ಹೊತ್ತು, ಎಷ್ಟು ಹತ್ತಿರದಿಂದ ನೋಡಬೇಕು ಅನ್ನುವುದನ್ನು ನಾಟಕದಲ್ಲಿ ಪ್ರೇಕ್ಷಕ ತಾನೇ ತೀರ್ಮಾನಿಸುತ್ತಾನೆ. ಇಲ್ಲಿ ಆ ತೀರ್ಮಾನವನ್ನು ನಿರ್ದೇಶಕ ಮಾಡಿದ್ದಾರೆ, ಪಾತ್ರದ ಒಳಗನ್ನು ನೋಡಿ ಮಾಡಿದ್ದಾರೆ. ಇದಕ್ಕಿಂತ ಹೆಚ್ಚಿನ ಸಿನಿಮಾ ಯಾವುದು?

ನಾಟಕದ ಒಳಗೇ ಇರುವ ಒಂದು ವಿಷಯವನ್ನೂ ನೋಡಿ. ಅಪ್ಪ ಜೇಮ್ಸ್ ಟೈರೋನ್‌ಗೆ ಕರೆಂಟ್ ಬಿಲ್ಲಿನ ಚಿಂತೆ. ನಾಲ್ಕನೇ ಅಂಕದಲ್ಲಿ ಅವನಿಗೂ ಚಿಕ್ಕ ಮಗನಿಗೂ ಇದೇ ವಿಷಯಕ್ಕೆ ಮಾತು ಹತ್ತುತ್ತದೆ. ಹಟಕ್ಕೆ ಬಿದ್ದು ಅಪ್ಪ ಮೇಜಿನ ಮೇಲಿನ ದೀಪದ ಬಲ್ಬುಗಳನ್ನೆಲ್ಲ ಒಂದೊಂದಾಗಿ ಹಾಕುತ್ತಾನೆ. ಆಮೇಲೆ ಮಾತು ತಣ್ಣಗಾಗಿ, ತನ್ನ ಬಡ ಬಾಲ್ಯವನ್ನೂ ತಾನು ಒಳ್ಳೆ ನಟನಾಗುವ ಅವಕಾಶ ಕಳೆದುಕೊಂಡದ್ದನ್ನೂ ಹೇಳಿಕೊಂಡ ಮೇಲೆ, ಮತ್ತೆ ಒಂದೊಂದಾಗಿ ಆರಿಸುತ್ತಾನೆ. ಲೈಟಿಂಗ್ ಅನ್ನುವುದನ್ನು ಓನೀಲ್ ಪಾತ್ರದ ಕೈಗೇ ಕೊಟ್ಟಿದ್ದಾರೆ. ಲುಮೆಟ್ ಜೊತೆ ಇದ್ದ ಕ್ಯಾಮೆರಾಮನ್ ಬೋರಿಸ್ ಕೌಫ್‌ಮನ್, ‘ಟ್ವೆಲ್ವ್ ಆ್ಯಂಗ್ರಿ ಮೆನ್’ ತೆಗೆದವರೇ. ನಾಟಕವನ್ನು ಓದುವಾಗ ಇಂಥ ಜಾಗಗಳಿಗೆ ಪೆನ್ಸಿಲ್ಲಿನಲ್ಲಿ ಗುರುತು ಹಾಕಿ. ಅವು ಸಿನಿಮಾಕ್ಕೆ ಕಾಯುತ್ತಾ ಕೂತಿರುತ್ತವೆ.

ಕೊನೆಗೆ ಮೇರಿ ಮದುವೆಯ ಉಡುಪು ಹಿಡಿದು ಬಂದು ತನ್ನ ಹುಡುಗಿಯ ದಿನಗಳನ್ನು ನೆನೆಯುವ ದೃಶ್ಯ. ಅಷ್ಟು ಹೊತ್ತು ಮುಖಗಳ ಹತ್ತಿರ ಹತ್ತಿರ ಬಂದಿದ್ದ ಕ್ಯಾಮೆರಾ ಈಗ ನಿಧಾನವಾಗಿ ಹಿಂದೆ ಸರಿಯುತ್ತದೆ. ಗೋಡೆಗಳು ಕತ್ತಲಲ್ಲಿ ಕರಗುತ್ತವೆ, ನಾಲ್ಕು ಜನ ಚಿಕ್ಕವರಾಗುತ್ತಾ ಹೋಗುತ್ತಾರೆ. ಆಮೇಲೆ ಏಕಾಏಕಿ ಅವಳ ಮುಖದ ಕ್ಲೋಸಪ್. ಕೊನೆ ಸಾಲಿನಲ್ಲಿ ಕೂತು ನೋಡುವವನ ದೂರವೂ ತುಟಿಯ ನಡುಕ ಕಾಣುವ ಹತ್ತಿರವೂ ಒಂದರ ಬೆನ್ನಿಗೆ ಒಂದು. ರಂಗದಲ್ಲಿ ಇದು ಆಗುವ ಮಾತಲ್ಲ.

‘ದಿ ಹಿಲ್’ (1965) ಬಗ್ಗೆ ಹೇಳದಿದ್ದರೆ ಉದ್ದ ಲೆನ್ಸ್ ಅನ್ನುವುದು ಮಂತ್ರ ಅಂತ ನೀವು ತಿಳಿದುಬಿಡಬಹುದು. ಇದೂ ರೇ ರಿಗ್ಬಿ ಅವರ ನಾಟಕದಿಂದ ಬಂದದ್ದು. ಯುದ್ಧದ ಕಾಲದ ಲಿಬಿಯಾದಲ್ಲಿ ಬ್ರಿಟಿಷ್ ಸೇನೆಯ ಜೈಲು, ಶಾನ್ ಕಾನರಿ ಕೈದಿ. ಶಿಕ್ಷೆ ಅಂದರೆ ಉರಿ ಬಿಸಿಲಲ್ಲಿ ಮರಳಿನ ದಿಬ್ಬ ಹತ್ತಿ ಇಳಿಯುವುದು. ಚಿತ್ರೀಕರಣ ಸ್ಪೇನಿನ ಬಯಲಿನಲ್ಲಿ. ಇಲ್ಲಿ ಲುಮೆಟ್ ಲೆನ್ಸನ್ನು ಉದ್ದ ಮಾಡಲಿಲ್ಲ, ಗಿಡ್ಡ ಮಾಡುತ್ತಾ ಹೋದರು. ಮೊದಲ ಭಾಗ 24 ಎಂಎಂ, ಎರಡನೆಯದು 21, ಕೊನೆಯದು 18. ಕ್ಲೋಸಪ್ ಕೂಡ ಅದೇ ಲೆನ್ಸಿನಲ್ಲಿ. ಮುಖಗಳು ಸೊಟ್ಟಗಾಗುತ್ತವೆ, ಹಿಂದಿನ ಜೈಲು ಸದಾ ಸ್ಪಷ್ಟವಾಗಿ ಕಾಣುತ್ತಿರುತ್ತದೆ. ಎಷ್ಟೇ ಹತ್ತಿರ ಹೋದರೂ ಕೈದಿಯನ್ನು ಜೈಲಿನಿಂದ ಬಿಡಿಸಿ ನೋಡಲಾಗದು ಅನ್ನುವುದು ನನಗೆ ಅಲ್ಲಿ ಕಂಡ ಅರ್ಥ. ಸಂಗೀತವೂ ಇಲ್ಲ, ಬೂಟಿನ ಸದ್ದು, ಕೂಗು, ಏದುಸಿರು ಅಷ್ಟೇ. ಜ್ಯೂರಿ ಕೋಣೆಗೆ ಒಂದು ಉಪಾಯ, ಮರುಭೂಮಿಗೆ ಅದರ ತದ್ವಿರುದ್ಧ. ಎರಡೂ ಕಡೆ ಮೊದಲು ಕೇಳಿಕೊಂಡ ಪ್ರಶ್ನೆ ಒಂದೇ: ಈ ಜಾಗ ಈ ಜನರಿಗೆ ಏನು ಮಾಡುತ್ತಿದೆ?

ಇನ್ನು ಸೋಲುಗಳು. 1960ರ ‘ದಿ ಫ್ಯುಜಿಟಿವ್ ಕೈಂಡ್’ ಟೆನೆಸ್ಸಿ ವಿಲಿಯಮ್ಸ್ ಅವರ ‘ಆರ್ಫಿಯಸ್ ಡಿಸೆಂಡಿಂಗ್’ ನಾಟಕದಿಂದ ಬಂದದ್ದು, ನಟರು ಮಾರ್ಲನ್ ಬ್ರಾಂಡೊ, ಆ್ಯನಾ ಮಗ್ನಾನಿ. ಬಿಡಿ ದೃಶ್ಯಗಳು ಚೆನ್ನಾಗಿವೆ, ಒಟ್ಟಾರೆ ನಿಲ್ಲಲಿಲ್ಲ. ಅದರ ಶೂಟಿಂಗಿನ ಒಂದು ಪ್ರಸಂಗ ಮಾತ್ರ ನಟರ ಜೊತೆ ಕೆಲಸ ಮಾಡುವವರೆಲ್ಲ ತಿಳಿದಿರಬೇಕು. ಬ್ರಾಂಡೊ ಒಂದು ಉದ್ದ ಮಾತಿನಲ್ಲಿ ಪ್ರತಿ ಸಲ ಅದೇ ಜಾಗಕ್ಕೆ ಬಂದು ಸಾಲು ಮರೆಯುತ್ತಿದ್ದರು. ಯಾಕೆ ಅಂತ ಲುಮೆಟ್‌ಗೆ ಅಂದಾಜಿತ್ತು. ಹಿಂದೆ ಬ್ರಾಂಡೊ ನಂಬಿ ಹೇಳಿಕೊಂಡಿದ್ದ ಸ್ವಂತ ನೋವಿಗೆ ಆ ಸಾಲು ತಾಗುತ್ತಿತ್ತು. ಹೇಳಿಬಿಡೋಣವೇ ಅಂತ ಯೋಚಿಸಿದರು, ಹೇಳಲಿಲ್ಲ. ಅದು ನಂಬಿಕೆಗೆ ಮೋಸ ಅನ್ನಿಸಿತು. 34ನೇ ಟೇಕಿನಲ್ಲಿ ಬ್ರಾಂಡೊ ತಾವೇ ಆ ಜಾಗ ದಾಟಿದರು. ನಟರನ್ನು ಹೀಗೆ ಕಾಯುವ ತಾಳ್ಮೆ ರಂಗಭೂಮಿ ಕೊಟ್ಟದ್ದು ಅಂತ ನಾನು ನಂಬಿದ್ದೇನೆ.

1968ರಲ್ಲಿ ಚೆಕಾಫರ ‘ದಿ ಸೀಗಲ್’ ಮಾಡಿದರು, ಸ್ವೀಡನ್ನಿನಲ್ಲಿ. ಜೇಮ್ಸ್ ಮೇಸನ್, ವನೆಸ್ಸಾ ರೆಡ್‌ಗ್ರೇವ್, ಸಿಮೋನ್ ಸಿನ್ಯೊರೆ. ಒಬ್ಬೊಬ್ಬರೂ ದೊಡ್ಡ ನಟರೇ. ಆದರೆ ಒಂದೇ ಮನೆಯಲ್ಲಿ ಬೆಳೆದವರ ಹಾಗೆ ಕೇಳುವುದಿಲ್ಲ, ಒಬ್ಬೊಬ್ಬರ ಇಂಗ್ಲಿಷ್ ಒಂದೊಂದು ಥರ. ಕನ್ನಡದಲ್ಲಿ ಇದು ಇನ್ನೂ ಎದ್ದು ಕಾಣುತ್ತದೆ. ಅಪ್ಪ ಧಾರವಾಡದ ಮಾತು, ಮಗ ಮಂಡ್ಯದ ಮಾತು ಆಡಿದರೆ ರಂಗದಲ್ಲಿ ಜನ ಹೇಗೋ ಕ್ಷಮಿಸುತ್ತಾರೆ, ಪರದೆಯ ಮೇಲೆ ಇಲ್ಲ. 1978ರ ‘ದಿ ವಿಜ್’ ಬ್ರಾಡ್‌ವೇ ಸಂಗೀತ ನಾಟಕ. ಅದನ್ನು ನ್ಯೂಯಾರ್ಕ್ ನಗರದಷ್ಟೇ ದೊಡ್ಡದು ಮಾಡಿ, ವರ್ಲ್ಡ್ ಟ್ರೇಡ್ ಸೆಂಟರ್ ಎದುರಿನ ಬಯಲಿನಲ್ಲೆಲ್ಲ ಕುಣಿಸಿ, ಭಾರೀ ನಷ್ಟ ಮಾಡಿಕೊಂಡರು.

ನೀವು ನಿಜಕ್ಕೂ ಎಚ್ಚರಿಕೆಯಿಂದ ನೋಡಬೇಕಾದ ಸೋಲು ‘ಈಕ್ವಸ್’, 1977. ಪೀಟರ್ ಶಾಫರ್ ಅವರ ನಾಟಕ 1973ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರಿನಲ್ಲಿ ಬಂದಾಗ ದೊಡ್ಡ ಸಂಚಲನ. ಕುದುರೆಗಳನ್ನು ದೇವರಂತೆ ಪೂಜಿಸುವ ಹುಡುಗ ಒಂದು ರಾತ್ರಿ ಆರು ಕುದುರೆಗಳ ಕಣ್ಣು ಚುಚ್ಚುತ್ತಾನೆ. ಯಾಕೆ ಅಂತ ಹುಡುಕುವ ಮನೋವೈದ್ಯ. ರಂಗದಲ್ಲಿ ಕುದುರೆಗಳೆಂದರೆ ನಟರು. ತಲೆಗೆ ತಂತಿಯಲ್ಲಿ ಹೆಣೆದ ಮುಖವಾಡ, ಕಾಲಿಗೆ ಲೋಹದ ಗೊರಸು. ಮುಖವಾಡದ ಒಳಗೆ ಮನುಷ್ಯನ ತಲೆ ಕಾಣುತ್ತಲೇ ಇರುತ್ತದೆ. ಅದು ಕುದುರೆಯೂ ಹೌದು, ದೇವರೂ ಹೌದು, ಹುಡುಗನ ಭಯವೂ ಹೌದು.

ಸಿನಿಮಾದಲ್ಲಿ ನಿಜವಾದ ಕುದುರೆಗಳು ಬಂದವು. ರಿಚರ್ಡ್ ಬರ್ಟನ್ ಕ್ಯಾಮೆರಾವನ್ನೇ ನೋಡಿ ಹೇಳುವ ಮಾತುಗಳು ಇಂದಿಗೂ ಮೈ ಜುಮ್ಮೆನ್ನಿಸುತ್ತವೆ. ಅವರಿಗೂ, ಹುಡುಗನ ಪಾತ್ರ ಮಾಡಿದ ಪೀಟರ್ ಫರ್ತ್‌ಗೂ ಆಸ್ಕರ್ ನಾಮನಿರ್ದೇಶನ ಬಂತು. ಆದರೆ ಕಣ್ಣು ಚುಚ್ಚುವ ದೃಶ್ಯದಲ್ಲಿ ರಕ್ತ ಹರಿದ ಕೂಡಲೇ ನಾವು ಹುಡುಗನ ಮನಸ್ಸಿನಿಂದ ಹೊರಗೆ ಬಿದ್ದುಬಿಡುತ್ತೇವೆ. ನಮಗೆ ಕಾಣುವುದು ನರಳುವ ಪ್ರಾಣಿ. ದೇವರು ಅಲ್ಲಿಂದ ಹೊರಟುಹೋಗಿರುತ್ತಾನೆ. ನಮ್ಮ ಗಿರೀಶ ಕಾರ್ನಾಡರ ‘ಹಯವದನ’ವನ್ನು ನೆನಪಿಸಿಕೊಳ್ಳಿ. ದೇವದತ್ತ, ಕಪಿಲರ ತಲೆ ಅದಲುಬದಲಾದದ್ದನ್ನು ರಂಗದಲ್ಲಿ ಮುಖವಾಡ ಬದಲಿಸಿ ತೋರಿಸುತ್ತಾರೆ, ನಾವು ಒಂದು ಕ್ಷಣವೂ ಅನುಮಾನಿಸುವುದಿಲ್ಲ. ಅದನ್ನೇ ರಕ್ತ, ಹೊಲಿಗೆ, ಗ್ರಾಫಿಕ್ಸ್ ಸಮೇತ ತೋರಿಸಿದರೆ ಕಥೆ ಬೇರೆಯೇ ಆಗುತ್ತದೆ. ರಂಗದ ಮೇಲೆ ಪ್ರೇಕ್ಷಕರ ಕಲ್ಪನೆಗೆ ಬಿಟ್ಟದ್ದನ್ನೆಲ್ಲ ಪರದೆಯ ಮೇಲೆ ‘ನಿಜ’ ಮಾಡಲು ಹೋಗಬೇಡಿ. ನಿಮ್ಮ ಸ್ನೇಹಿತರು ಹೇಳುವ ಫ್ಲ್ಯಾಶ್‌ಬ್ಯಾಕಿನ ಅಪಾಯವೂ ಇದೇ. ಹಳೆಯದನ್ನು ಪಾತ್ರ ಬಾಯಲ್ಲಿ ಹೇಳುವಾಗ ಅದು ನಿಜವೋ ಸುಳ್ಳೋ ಅನ್ನುವ ಅನುಮಾನ ಉಳಿದಿರುತ್ತದೆ. ದೃಶ್ಯ ಮಾಡಿ ತೋರಿಸಿದರೆ ಅನುಮಾನ ಸತ್ತುಹೋಗುತ್ತದೆ.

ಐರಾ ಲೆವಿನ್ ನಾಟಕದಿಂದ ಬಂದ 1982ರ ‘ಡೆತ್‌ಟ್ರ್ಯಾಪ್’ ಮಾತ್ರ ಸೋಲಲ್ಲ, ಲಘುವಾದ ಕೊಲೆ ಕಥೆ. ಹೆಚ್ಚಿನದೆಲ್ಲ ಒಂದೇ ಮನೆಯೊಳಗೆ. ಬಿಗಿಯಾಗಿ ಮಾಡಿದ್ದಾರೆ, ಬಿಡುವಿದ್ದಾಗ ನೋಡಿ.

ಈಗ ನಿಮ್ಮ ಕೆಲಸಕ್ಕೆ ಬರೋಣ. ‘ನಾಟಕ ನೋಡಿದ ಹಾಗಿದೆ’ ಅಂತ ಜನ ಅನ್ನುವುದು ನಾಲ್ಕು ಗೋಡೆಗಳಿಂದಲ್ಲ. ನನ್ನ ಅನುಭವದಲ್ಲಿ ಬಹುತೇಕ ಸಲ ಕಾರಣ ದನಿ. ಕೊನೆ ಸಾಲಿಗೆ ಕೇಳಿಸುವಂತೆ ಮಾತಾಡಿ ರೂಢಿಯಾದ ನಟರು ಮೈಕ್ ಪಕ್ಕದಲ್ಲಿದ್ದರೂ ಹಾಗೇ ಮಾತಾಡುತ್ತಾರೆ. ಹತ್ತಿರ ಕೂತು, ಎದುರಿಗಿರುವವನಿಗೆ ಮಾತ್ರ ಕೇಳುವಷ್ಟು ದನಿಯಲ್ಲಿ ಇಡೀ ನಾಟಕವನ್ನು ಒಮ್ಮೆ ಓದಿಸಿ. ಅರ್ಧ ಸಂಭಾಷಣೆ ತಾನಾಗಿ ಬದಲಾಗುತ್ತದೆ, ಕೆಲವು ಸಾಲು ಬೇಡವೇ ಅನ್ನಿಸುತ್ತದೆ. ಮುಖವೇ ಹೇಳಿಬಿಟ್ಟದ್ದನ್ನು ಬಾಯಿಯೂ ಹೇಳುತ್ತಿದ್ದರೆ ಆ ಸಾಲನ್ನು ನಾಟಕಕಾರರನ್ನು ಕೇಳಿ ತೆಗೆಯಿರಿ.

ಎರಡನೇ ಕಾರಣ, ಕ್ಯಾಮೆರಾ ಪ್ರೇಕ್ಷಕರ ಕುರ್ಚಿಯಲ್ಲೇ ಕೂತಿರುವುದು. ರಂಗದಲ್ಲಿ ನಟರು ಅರ್ಧಚಂದ್ರಾಕಾರವಾಗಿ ಮುಂದಕ್ಕೆ ಮುಖ ಮಾಡಿ ನಿಲ್ಲುತ್ತಾರೆ. ಆ ನಡೆಯನ್ನೆಲ್ಲ ಮರೆತು, ನಿಜವಾದ ಮನೆಯಲ್ಲಿ ನೆಲಕ್ಕೆ ಟೇಪ್ ಹಾಕಿ ಹೊಸದಾಗಿ ಕಟ್ಟಿ. ಒಬ್ಬರಿಗೊಬ್ಬರು ಬೆನ್ನು ಹಾಕಲಿ. ಅಡುಗೆಮನೆಯಿಂದ ಮಾತಾಡಲಿ. ಮಾತಾಡುವವರಿಗಿಂತ ಕೇಳಿಸಿಕೊಳ್ಳುವವರ ಮುಖ ಜಾಸ್ತಿ ಮುಖ್ಯವಾಗುವ ಜಾಗಗಳನ್ನು ಹುಡುಕಿ. ಆ ಕೇಳುವ ಮುಖಗಳಲ್ಲೇ ನಿಮ್ಮ ಅರ್ಧ ಸಿನಿಮಾ ಇದೆ.

ಆಮೇಲೆ ಲೆನ್ಸಿನ ನಿಯಮ. ಲುಮೆಟ್ ಅವರ ಅಂಕಿಗಳನ್ನು ಹಾಗೇ ಎತ್ತಿಕೊಳ್ಳಬೇಡಿ. ಅವು 35 ಎಂಎಂ ಫಿಲ್ಮ್ ಕ್ಯಾಮೆರಾದ ಲೆಕ್ಕ, ನಿಮ್ಮ ಕ್ಯಾಮೆರಾದೊಳಗೆ ಚಿತ್ರ ಹಿಡಿಯುವ ಸೆನ್ಸರ್ ಬೇರೆ ಅಳತೆಯದ್ದಿರಬಹುದು. ನಿಮ್ಮ ನಾಟಕದಲ್ಲಿ ಏನು ಬದಲಾಗುತ್ತಿದೆ ಅಂತ ಒಂದು ವಾಕ್ಯದಲ್ಲಿ ಬರೆದುಕೊಳ್ಳಿ. ಮನೆ ಇಕ್ಕಟ್ಟಾಗುತ್ತಿದೆಯಾ? ಒಬ್ಬರು ಉಳಿದವರಿಂದ ದೂರವಾಗುತ್ತಿದ್ದಾರಾ? ಅದಕ್ಕೆ ತಕ್ಕ ಒಂದೇ ನಿಯಮ ಮಾಡಿಕೊಂಡು ಕೊನೆವರೆಗೂ ಪಾಲಿಸಿ. ಹೊರಗೆ ಹೋಗಲೇಬೇಕು ಅನ್ನಿಸಿದರೆ, ಹೊರಗೆ ಏನೋ ಒಂದು ಘಟನೆ ನಡೆಯುವುದಾದರೆ ಮಾತ್ರ ಹೋಗಿ. ಒಳಗೆ ಆಡುವ ಮಾತನ್ನೇ ಮರದ ಕೆಳಗೆ ನಿಂತು ಆಡುವುದಕ್ಕೆ ಹೋಗಬೇಡಿ.

ಇದೆಲ್ಲಕ್ಕಿಂತ ಮೊದಲು ಒಂದು ಕೆಲಸ: ಹಕ್ಕು. ನಾಟಕ ಆಡಲು ಪಡೆದ ಅನುಮತಿ ಸಿನಿಮಾಕ್ಕೆ ಸಾಲದು. ನಾಟಕಕಾರರಿಂದ, ಅವರಿಲ್ಲದಿದ್ದರೆ ಅವರ ವಾರಸುದಾರರಿಂದ, ಸಿನಿಮಾಕ್ಕೆ ಅಂತಲೇ ಬರಹದಲ್ಲಿ ಒಪ್ಪಿಗೆ ಪಡೆಯಿರಿ. ಲೇಖಕರು ತೀರಿಕೊಂಡ ಮೇಲೂ 60 ವರ್ಷ ಹಕ್ಕು ಇರುತ್ತದೆ. ಅನುವಾದಿತ ನಾಟಕವಾದರೆ ಅನುವಾದಕರ ಒಪ್ಪಿಗೆಯೂ ಬೇಕು. ಅದು ಬರುವವರೆಗೆ ಕೈಕಟ್ಟಿ ಕೂರಬೇಕಿಲ್ಲ. ಟಿ.ಪಿ. ಕೈಲಾಸಂ ತೀರಿಕೊಂಡದ್ದು 1946ರಲ್ಲಿ, ಅವರ ‘ಟೊಳ್ಳುಗಟ್ಟಿ’ಗೆ ಈಗ ಹಕ್ಕಿನ ತೊಡಕಿಲ್ಲ. ಅದರಲ್ಲಿ ಐದು ನಿಮಿಷದ ಒಂದು ದೃಶ್ಯ ಆರಿಸಿಕೊಳ್ಳಿ. ಒಂದೇ ಕೋಣೆಯಲ್ಲಿ, ಇರುವ ಕ್ಯಾಮೆರಾದಲ್ಲಿ, ಒಮ್ಮೆ ವೈಡ್ ಲೆನ್ಸಿನಲ್ಲಿ ಪೂರ್ತಿ ತೆಗೆಯಿರಿ, ಇನ್ನೊಮ್ಮೆ ಉದ್ದ ಲೆನ್ಸಿನಲ್ಲಿ ಪೂರ್ತಿ ತೆಗೆಯಿರಿ. ಎರಡನ್ನೂ ‘ಔಟ್‌ಡೋರ್ ಹಾಕಿ’ ಅಂದ ಸ್ನೇಹಿತರ ಜೊತೆಯಲ್ಲೇ ಕೂತು ನೋಡಿ.